‘ಸಾಹಿತ್ಯ: ಜಾನಪದ’ ಅಂದ್ರೆ ಯಾವೂರಿನವರು?



ಪೋಸ್ಟು ಉದ್ದ ಇದೆ, ಪುರುಸೊತ್ತು ಮಾಡ್ಕೊಂಡು ಓದಿ. ವಿಷಯ ಟೀವಿ ಕ್ವಿಜ್. ‘ಒಳಮೀಸಲಾತಿ ಬಿಟ್ಟು ಇದೇನಮ್ಮ ಬರೀತಾ ಕೂತಿದ್ದೀಯ’ ಅಂತ ಕೇಳೋರಿಗೆ ಕೆಳಗೆ ಉತ್ತರ ಇದೆ, ಅಲ್ಲಿವರೆಗೂ ಸ್ವಲ್ಪ ತಡ್ಕೊಳ್ಳಿ.

ಚಾಮರಾಜಪೇಟೆಯ ಆನಂದಪುರದಲ್ಲಿ ನಾವೊಂದಿಷ್ಟು ಜನ ಭಾನುವಾರ ಹತ್ತನೇ ಕ್ಲಾಸು, ಪಿಯುಸಿ ಮಕ್ಕಳಿಗೆ ಪಾಠ ಹೇಳಿಕೊಡ್ತೀವಿ. ಈಚೆಗೆ ಒಂದು ಚಾನೆಲ್‌ನವರು ಹದಿಹರೆಯದವರಿಗೆ ಅಂತಲೇ ಹೊಸ ಕ್ವಿಜ್ ಮಾಡ್ತಿದ್ದಾರೆ, ಬಸವನಗುಡಿಯಲ್ಲಿ ಆಡಿಷನ್ ಇದೆ ಅಂತ ವಾಟ್ಸಾಪಿನಲ್ಲಿ ಬಂತು. ಗಣಿತ ವಿಜ್ಞಾನ ಏನೂ ಇಲ್ಲ. ಸಿನಿಮಾ, ಹಾಡು, ಕ್ರಿಕೆಟ್ಟು, ಸೀರಿಯಲ್ಲು, ರೀಲ್ಸು. ‘ಪಾಪ್ ಕಲ್ಚರ್ ಕ್ವಿಜ್’ ಅಂತ ಹೆಸರು. ನಮ್ಮ ಮಕ್ಕಳಿಗೆ ಹಬ್ಬ ಬಂದ ಹಾಗಾಯ್ತು. ಪಠ್ಯಪುಸ್ತಕ ತೆಗೀರಿ ಅಂದ್ರೆ ಆಕಳಿಸೋವು, ಯಾವ ಸಿನಿಮಾ ಯಾವ ಥಿಯೇಟರಿನಲ್ಲಿ ಎಷ್ಟು ದಿನ ಓಡ್ತು ಅನ್ನೋದನ್ನ ನಿದ್ದೆಯಲ್ಲೂ ಹೇಳ್ತವೆ. ನಾಲ್ಕು ಮಕ್ಕಳು ಹೋದರು. ನಾಲ್ಕೂ ಮೊದಲ ಸುತ್ತಿನಲ್ಲೇ ವಾಪಸ್ಸು.

ಅಳ್ತಾ ಬರಲಿಲ್ಲ. ದಾರಿಯುದ್ದಕ್ಕೂ ಪ್ರಶ್ನೆಗಳನ್ನ ನೆನಪು ಮಾಡ್ಕೊಂಡು, ನಕ್ಕೊಂಡು, ಒಬ್ಬರಿಗೊಬ್ಬರು ಬೈಕೊಂಡು ಬಂದರು. ‘ಫ್ರೆಂಡ್ಸ್’ ಅನ್ನೋ ಸೀರಿಯಲ್ಲಿನಲ್ಲಿ ಕಾಫಿ ಅಂಗಡಿ ಹೆಸರೇನು? ಬಿಟಿಎಸ್‌ನಲ್ಲಿ ಎಷ್ಟು ಜನ? ಥಾನೋಸ್ ಕೈಗವಸಿನಲ್ಲಿ ಎಷ್ಟು ಕಲ್ಲು? ಏಳು, ಆರು ಅಂತ ಒಂದಿಬ್ಬರು ಹೇಳಿಯೂ ಇದ್ದಾರೆ. ಅದು ಬೇರೆ ಮಾತು. ಒಂದೇ ಫೋನನ್ನ ಮನೆಯ ಐದು ಜನ ಹಂಚಿಕೊಳ್ಳುವ ಕಡೆ, ತಿಂಗಳಾ ದುಡ್ಡು ಕಟ್ಟಿ ನೋಡೋ ಸೀರೀಸುಗಳಿಗೂ ‘ಪಾಪ್’ ಅಂತಾರಲ್ಲ, ಯಾರ ಲೆಕ್ಕದಲ್ಲಿ ಅದು ಜನಪ್ರಿಯ ಅಂತ ನನಗೆ ಅರ್ಥ ಆಗಿಲ್ಲ. ಹೋಗ್ಲಿ.

ನನ್ನ ತಲೆ ಕೆಡಿಸಿದ್ದು ಇನ್ನೊಂದು ಪ್ರಶ್ನೆ. ಕನ್ನಡ ಸುತ್ತಿನಲ್ಲಿ ಒಂದು ಸಿನಿಮಾ ಹಾಡು ಹಾಕಿ, ಇದರ ಸಾಹಿತ್ಯ ಯಾರದ್ದು ಅಂತ ಕೇಳಿದರಂತೆ. ನಾಲ್ಕು ಆಯ್ಕೆ. ಮೂರು ದೊಡ್ಡ ದೊಡ್ಡ ಚಿತ್ರಸಾಹಿತಿಗಳ ಹೆಸರು, ನಾಲ್ಕನೇದು ‘ಜಾನಪದ’. ಸರಿ ಉತ್ತರ ಅದೇ ನಾಲ್ಕನೇದು. ನಮ್ಮ ಹುಡುಗಿಯೊಬ್ಬಳು, ಹದಿನಾರು ವರ್ಷದವಳು, ಆ ಹಾಡು ಅವಳಿಗೆ ಎಷ್ಟು ಗೊತ್ತು ಅಂದ್ರೆ ಸಿನಿಮಾದಲ್ಲಿ ಇಲ್ಲದ ನಾಲ್ಕು ಸಾಲು ಜಾಸ್ತಿ ಹಾಡ್ತಾಳೆ. ಅಜ್ಜಿ ಕನಕಪುರದ ಕಡೆಯವರು, ನಾಟಿ ಹಾಕುವಾಗ ಹಾಡ್ತಿದ್ದರಂತೆ. ಈ ಮಗು ಉತ್ತರ ತಪ್ಪು ಬರೆದು ಬಂದಿದೆ. ನನ್ನ ಕೇಳ್ತು: ‘ಅಕ್ಕಾ, ಜಾನಪದ ಅಂದ್ರೆ ಯಾರು? ನಮ್ಮಜ್ಜಿ ಇದನ್ನ ಕಟ್ಟಿದ್ದು ಅವರತ್ತೆ ಅಂತ ಹೇಳ್ತಿದ್ರು.’

ಅತ್ತೆ ಕಟ್ಟಿದ್ದು ನಿಜವೋ, ಅತ್ತೆಗೆ ಇನ್ಯಾರೋ ಕಲಿಸಿದ್ದೋ, ಆ ಪಂಚಾಯ್ತಿ ನಾನು ಮಾಡಲ್ಲ. ಆದರೆ ಹಾಡು ಅಂದಮೇಲೆ ಯಾವುದೋ ಒಂದು ಬಾಯಿಂದ ಶುರುವಾಗಿರಲೇಬೇಕಲ್ಲ? ಕೆಸರಲ್ಲಿ ನಿಂತಿದ್ದ ಒಬ್ಬ ಹೆಂಗಸಿನ ಬಾಯಿ. ಅವಳಿಗೊಂದು ಹೆಸರಿತ್ತು. ಕ್ಯಾಸೆಟ್ಟಿನ ಮೇಲೆ ರಾಗ ಸಂಯೋಜಿಸಿದವರ ಹೆಸರಿದೆ, ಹಾಡಿದವರ ಹೆಸರಿದೆ, ನಿರ್ಮಾಪಕರ ಹೆಸರಿದೆ. ಹಳ್ಳಿಗೆ ಹೋಗಿ ಬರೆದುಕೊಂಡು ಬಂದ ಮೇಷ್ಟರ ಹೆಸರು ‘ಸಂಗ್ರಹ’ ಅಂತ ದಪ್ಪಕ್ಷರದಲ್ಲಿ ಪುಸ್ತಕದ ಮೇಲಿದೆ. ಕಟ್ಟಿದವಳ ಜಾಗದಲ್ಲಿ ಮಾತ್ರ ‘ಜಾನಪದ’. ಕ್ವಿಜ್ ಅನ್ನೋದು ಹೆಸರಿನ ಆಟ. ಯಾರು, ಯಾವಾಗ, ಯಾವುದರಲ್ಲಿ? ಹೆಸರು ಉಳಿದವರ ಮನೆ ಮಕ್ಕಳಿಗೆ ಅದು ಸಲೀಸು. ನಮ್ಮವರಿಗೆ ಕೆಲಸ ಗೊತ್ತು, ತಾಳ ಗೊತ್ತು, ಹಾಡು ಗೊತ್ತು. ಬಜರ್ ಒತ್ತಿದಾಗ ಅವ್ಯಾವೂ ಉತ್ತರ ಆಗಲ್ಲ.

ಬೆಂಗಳೂರಿಗೆ ಕ್ವಿಜ್ ಹುಚ್ಚು ಹಳೇದು. 1983ರಲ್ಲೇ ಇಲ್ಲಿ ಕರ್ನಾಟಕ ಕ್ವಿಜ್ ಅಸೋಸಿಯೇಷನ್ ಶುರುವಾಯ್ತು, ವಿಂಗ್ ಕಮಾಂಡರ್ ಜಿ.ಆರ್. ಮುಲ್ಕಿಯವರಂಥವರು ಕಟ್ಟಿದ್ದು. 1985ರಲ್ಲಿ ದೂರದರ್ಶನದಲ್ಲಿ ಸಿದ್ಧಾರ್ಥ ಬಸು ಅವರ ಕ್ವಿಜ್ ಟೈಮ್ ಬಂತು. ಆಮೇಲೆ ಬೋರ್ನ್‌ವೀಟಾ ಕ್ವಿಜ್ಜು, ಡೆರೆಕ್ ಒಬ್ರಿಯಾನು. ಟೈ ಕಟ್ಟಿದ, ಕೋಟು ಹಾಕಿದ, ಇಂಗ್ಲಿಷಿನಲ್ಲಿ ಉತ್ತರ ಹೇಳುವ ಮಕ್ಕಳು. ಹಾಸ್ಟೆಲಿನ ಮಕ್ಕಳು ಅದನ್ನ ನೋಡ್ತಿದ್ದದ್ದು ಸರ್ಕಸ್ ನೋಡಿದ ಹಾಗೆ. ಚಪ್ಪಾಳೆ ಹೊಡೀಬಹುದು, ಹಗ್ಗದ ಮೇಲೆ ನಡೀಬೇಕು ಅಂತ ಯಾರಿಗೂ ಅನ್ನಿಸಲ್ಲ.

ಅದನ್ನ ಮುರಿದದ್ದು ಚಂದನ. 2002ರ ಜನವರಿಯಲ್ಲಿ ‘ಥಟ್ ಅಂತ ಹೇಳಿ’ ಶುರುವಾಯ್ತು. ವೈದ್ಯರಾದ ನಾ. ಸೋಮೇಶ್ವರ ಅವರು ಕನ್ನಡದಲ್ಲಿ ಕೇಳ್ತಾರೆ, ಸರಿ ಉತ್ತರಕ್ಕೆ ಪುಸ್ತಕ ಕೊಡ್ತಾರೆ. ಫ್ರಿಜ್ಜಿಲ್ಲ, ಚೆಕ್ಕಿಲ್ಲ, ಪುಸ್ತಕ. ಸಾವಿರಾರು ಕಂತು ಆಯ್ತು. ಇವತ್ತಿಗೂ ನನಗೆ ಆ ಕಾರ್ಯಕ್ರಮದ ಮೇಲೆ ಗೌರವ. ಸಾಲೆ ಮೇಷ್ಟ್ರು, ಕಂಡಕ್ಟರು, ಗೃಹಿಣಿ ಯಾರು ಬೇಕಾದರೂ ಕೂರಬಹುದಾದ ಕುರ್ಚಿ ಅದು ಅಂತ ನಮಗೆ ಅನ್ನಿಸಿತು. 2012ರಲ್ಲಿ ಪುನೀತ್ ಬಂದು ‘ಕನ್ನಡದ ಕೋಟ್ಯಧಿಪತಿ’ ನಡೆಸಿದರು. ಎದುರು ಕೂತವರಿಗೆ ಕೈಕಾಲು ನಡುಗ್ತಿದ್ದರೆ ನೀರು ಕುಡಿಸಿ ಮಾತಾಡಿಸೋ ಥರ ಮನುಷ್ಯ. ಅಪ್ಪು ಅಂದ್ರೆ ನಮ್ಮ ಬೀದಿ ಇವತ್ತಿಗೂ ಫ್ಲೆಕ್ಸ್ ಇಳಿಸಿಲ್ಲ.

ಅದೇ ಆಟದ ಮೇಲೆ 2008ರಲ್ಲಿ ‘ಸ್ಲಮ್‌ಡಾಗ್ ಮಿಲಿಯನೇರ್’ ಸಿನಿಮಾ ಬಂತಲ್ಲ, ನೆನಪಿದೆಯಾ? ಅದರಲ್ಲಿ ಮೊದಲ ಪ್ರಶ್ನೆಯೇ ಸಿನಿಮಾದ್ದು, 1973ರ ‘ಜಂಜೀರ್’ ನಾಯಕ ಯಾರು ಅಂತ. ಸ್ಲಮ್ಮಿನ ಹುಡುಗ ಎಲ್ಲದಕ್ಕೂ ಸರಿ ಉತ್ತರ ಹೇಳ್ತಾನೆ. ಬಹುಮಾನ ಕೊಡೋ ಮುಂಚೆ ಪೊಲೀಸರು ಅವನನ್ನ ತೂಗುಹಾಕಿ ಕರೆಂಟು ಕೊಡ್ತಾರೆ, ಇವನಿಗೆ ಹೇಗೆ ಗೊತ್ತಾಯ್ತು ಅಂತ. ಬೇರೆ ಕಾರಣಕ್ಕೆ ಆ ಸಿನಿಮಾ ನನಗೆ ಅಷ್ಟಾಗಿ ಇಷ್ಟ ಇಲ್ಲ, ಆದರೆ ಆ ಒಂದು ದೃಶ್ಯ ಸುಳ್ಳಲ್ಲ. ನಮ್ಮ ಮಗು ಉತ್ತರ ಹೇಳಿದ್ರೆ ಮೊದಲು ಬರೋ ಮಾತು ‘ಅರೆ, ನಿನಗೆ ಹೇಗೆ ಗೊತ್ತು?’ ಅಂತಾನೇ ಅಲ್ವಾ.

ಹೀಗಿರುವಾಗ ‘ಪಾಪ್ ಕಲ್ಚರ್’ ಸುತ್ತು ಅನ್ನೋದು ತತ್ವದಲ್ಲಿ ನಮ್ಮ ಸುತ್ತು ಆಗಬೇಕಿತ್ತು. ಸಂಸ್ಕೃತ ಶ್ಲೋಕ ಬೇಡ, ಷೇಕ್ಸ್‌ಪಿಯರ್ ಬೇಡ, ಬೀದಿಯಲ್ಲಿ ಇರೋದನ್ನ ಕೇಳಿ ಅಂತ. ಕನ್ನಡ ಸಿನಿಮಾವನ್ನ ಬದುಕಿಸಿದ್ದು ಯಾರು? ಗಾಂಧಿ ಕ್ಲಾಸಿನಲ್ಲಿ ಕೂತು ನಾಣ್ಯ ಎಸೆದವರು. ಕಟೌಟಿಗೆ ಹಾಲು ಹೊಯ್ದವರು, ತಮಟೆ ಹೊಡೆದವರು. ಮೊದಲ ದಿನ ಮೊದಲ ಶೋಗೆ ಮೆಜೆಸ್ಟಿಕ್ಕಿನಲ್ಲಿ ಆ ತಮಟೆ ಬಡೀತಿದ್ದವರಿಗೆ ಊಟದ ಪೊಟ್ಟಣ, ಮೇಲೆ ನೂರಿನ್ನೂರು. ಅವರ ಕೈಯಿಂದ ಎತ್ತಿಕೊಂಡ ತಾಳವೇ ಈಗ ನಾಯಕನ ಎಂಟ್ರಿ ಹಾಡುಗಳಿಗೆ ಬರ್ತಿರೋದು. ತಮಟೆಯ ಚರ್ಮ ಬೆಂಕಿಗೆ ಹಿಡಿದು ಕಾಯಿಸದಿದ್ದರೆ ಸದ್ದು ಏಳಲ್ಲ. ಎಷ್ಟು ಕಾಯಿಸಬೇಕು ಅನ್ನೋದು ನಮ್ಮ ಹುಡುಗರಿಗೆ ಬೆರಳಿಗೇ ಗೊತ್ತು. ಅದನ್ನ ನಾಲ್ಕು ಆಯ್ಕೆಯ ಪ್ರಶ್ನೆ ಮಾಡಿದ ಕ್ವಿಜ್ಜು ನಾನಂತೂ ನೋಡಿಲ್ಲ.

‘ಚೋಮನ ದುಡಿ’ ತಗೊಳ್ಳಿ. ಸಿನಿಮಾ ಕ್ವಿಜ್ಜಿನವರಿಗೆ ಬಲು ಪ್ರೀತಿಯ ಹೆಸರು. ಕಾದಂಬರಿ ಬರೆದವರು ಯಾರು? ಶಿವರಾಮ ಕಾರಂತ. ನಿರ್ದೇಶಕ ಯಾರು? ಬಿ.ವಿ. ಕಾರಂತ. ಯಾವ ವರ್ಷ? 1975. ಚೋಮನ ಪಾತ್ರ? ವಾಸುದೇವ ರಾವ್, ರಾಷ್ಟ್ರಪ್ರಶಸ್ತಿ. ದೊಡ್ಡ ಸಿನಿಮಾ, ಆ ಬಗ್ಗೆ ನನ್ನ ತಕರಾರಿಲ್ಲ. ಆದರೆ ಚೋಮನ ಬಗ್ಗೆ ಕೇಳಬಹುದಾದ ಒಂದೇ ಒಂದು ಪ್ರಶ್ನೆಯನ್ನ ಕೇಳಲ್ಲ. ಚೋಮನಿಗೆ ಬೇಸಾಯ ಮಾಡೋಕೆ ತುಂಡು ಭೂಮಿ ಯಾಕೆ ಸಿಗಲಿಲ್ಲ? ಇದಕ್ಕೆ ಎ, ಬಿ, ಸಿ, ಡಿ ಆಯ್ಕೆ ಬರೆಯೋದು ಕಷ್ಟ ಏನಲ್ಲ. ಬರೆದ ಮೇಲೆ ಸ್ಟುಡಿಯೋದಲ್ಲಿ ಆಗೋ ಮೌನ ಕಷ್ಟ.

ನೆರೆಮನೆಯಲ್ಲೂ ಇದೇ ಕತೆ. ಮಲಯಾಳಂ ಸಿನಿಮಾದ ಮೊದಲ ನಾಯಕಿ ಪಿ.ಕೆ. ರೋಸಿ ನಮ್ಮ ಹೆಣ್ಣುಮಗಳು. ‘ವಿಗತಕುಮಾರನ್’ನಲ್ಲಿ ನಾಯರ್ ಹೆಂಗಸಿನ ಪಾತ್ರ ಮಾಡಿದಳು ಅಂತ ಜಾತಿಸ್ಥರು ರೊಚ್ಚಿಗೆದ್ದು ಅವಳು ಊರು ಬಿಟ್ಟು ಓಡಬೇಕಾಯ್ತು. 2023ರ ಫೆಬ್ರವರಿ 10ಕ್ಕೆ ಗೂಗಲ್ಲಿನವರು ಅವಳ ಚಿತ್ರ ಹಾಕಿದರು, ಅವತ್ತೊಂದು ದಿನ ಎಲ್ಲರೂ ಸ್ಟೇಟಸ್ ಹಾಕಿದರು. 2021ರಲ್ಲಿ ‘ಎಂಜಾಯ್ ಎಂಜಾಮಿ’ ಬಂತು, ನಮ್ಮ ಆನಂದಪುರದ ಮಕ್ಕಳಿಗೆ ಬಾಯಿಪಾಠ, ಅರ್ಧ ಮನೆಗಳಲ್ಲಿ ತಮಿಳೇ ಮನೆಮಾತು. ಅದನ್ನ ಬರೆದು ಹಾಡಿದ ಅರಿವು ತನ್ನ ಅಜ್ಜಿ ವಳ್ಳಿಯಮ್ಮಾಳ್ ಬದುಕನ್ನೇ ಅದರೊಳಗಿಟ್ಟ. ಲಂಕೆಯ ಟೀ ತೋಟದಲ್ಲಿ ದುಡಿದು ತುಂಡು ನೆಲವೂ ಇಲ್ಲದೆ ಬಂದವರು ಆಕೆ. ಅದೇ ವರ್ಷ ಆಗಸ್ಟಿನಲ್ಲಿ ರೋಲಿಂಗ್ ಸ್ಟೋನ್ ಇಂಡಿಯಾ ಪತ್ರಿಕೆ ಆ ಹಾಡಿನ ಯಶಸ್ಸಿನ ಮೇಲೆ ಮುಖಪುಟ ಮಾಡಿ ಅರಿವುನ ಮುಖವನ್ನೇ ಬಿಟ್ಟಿತು. ಪ. ರಂಜಿತ್ ಎಲ್ಲರೆದುರೇ ಕೇಳಿದಮೇಲೆ ಗಲಾಟೆ ಆಯ್ತು. ಕೋಟಿಗಟ್ಟಲೆ ಜನ ನೋಡಿದ ಹಾಡು, ಬರೆದವನು ಬದುಕಿದ್ದಾನೆ, ಕಣ್ಣೆದುರಿಗಿದ್ದಾನೆ. ಅವನ ಹೆಸರೇ ಇಷ್ಟು ಸುಲಭಕ್ಕೆ ಬಿಟ್ಟುಹೋಗುತ್ತೆ ಅಂದ್ರೆ ಕನಕಪುರದ ಆ ಅತ್ತೆಯ ಹೆಸರು ಯಾವ ಲೆಕ್ಕ?

ಈಗ ಕೆಜಿಎಫ್. ಆಡಿಷನ್ನಿನಲ್ಲಿ ಇದರ ಮೇಲೆ ಮೂರು ಪ್ರಶ್ನೆ ಇದ್ದವಂತೆ. ಮೊದಲ ಭಾಗ ಬಂದ ವರ್ಷ (2018), ನಿರ್ದೇಶಕರ ಹೆಸರು, ರಾಕಿ ಭಾಯ್ ಯಾರೋ ಒಬ್ಬರಿಗೆ ಹೇಳೋ ಡೈಲಾಗು. ನಮ್ಮ ಹುಡುಗರು ಮೂರಕ್ಕೆ ಮೂರೂ ಸರಿ. ಖುಷಿಯೇ. ನಾನು ಅವರಿಗೆ ಮರುವಾರ ಕೇಳಿದೆ: ಕೆಜಿಎಫ್ ಗಣಿ ಮುಚ್ಚಿದ್ದು ಯಾವ ವರ್ಷ? ಸುಮ್ಮನಾದರು. 2001. ಚಾಂಪಿಯನ್ ರೀಫ್ ಗಣಿ ಎಷ್ಟು ಆಳ? ಮೂರು ಕಿಲೋಮೀಟರಿಗೂ ಜಾಸ್ತಿ. ಅಷ್ಟು ಆಳಕ್ಕೆ ಇಳಿದವರು ಯಾರು? ಆಗ ಒಬ್ಬ ಹುಡುಗ ನಿಧಾನಕ್ಕೆ, ‘ನಮ್ಮ ತಾತ, ಅಕ್ಕಾ’ ಅಂದ. ಅವನ ಅಮ್ಮನ ಕಡೆಯವರು ಮಾರಿಕುಪ್ಪಂನವರು. ಗಣಿಯ ಕೂಲಿಗಳಲ್ಲಿ ಬಹುಪಾಲು ತಮಿಳು ಮಾತಾಡುವ ದಲಿತರು, ಆ ಲೈನ್ ಮನೆಗಳು ಈಗಲೂ ಇವೆ. ಮನೆಯಲ್ಲೇ ಉತ್ತರ ಇದ್ದ ಹುಡುಗನಿಗೆ ಅದನ್ನ ಉತ್ತರ ಅಂತ ಯಾರೂ ಹೇಳಿರಲಿಲ್ಲ. ಸಿನಿಮಾದ ಕೆಜಿಎಫ್ ಬಗ್ಗೆ ಅವನಿಗೆ ಮೂರು ಮಾರ್ಕು, ತಾತನ ಕೆಜಿಎಫ್ ಬಗ್ಗೆ ಸೊನ್ನೆ.

ಅದೇ ಕೆಜಿಎಫ್‌ನಲ್ಲಿ 1966ರಲ್ಲಿ ಹುಟ್ಟಿದವರು ಬೆಜವಾಡ ವಿಲ್ಸನ್. ಗಣಿ ಕಾಲೊನಿಯ ಕಕ್ಕಸುಗಳನ್ನ ಕೈಯಲ್ಲಿ ಬಾಚುತ್ತಿದ್ದ ಕುಟುಂಬ. ಸಫಾಯಿ ಕರ್ಮಚಾರಿ ಆಂದೋಲನ ಕಟ್ಟಿದವರು, 2016ರಲ್ಲಿ ಮ್ಯಾಗ್ಸೆಸೆ. ಇವರು 2020ರ ಅಕ್ಟೋಬರ್ 30ರಂದು ‘ಕೌನ್ ಬನೇಗಾ ಕರೋಡ್‌ಪತಿ’ಯಲ್ಲಿ ಅಮಿತಾಭ್ ಬಚ್ಚನ್ ಎದುರು ಕೂತರು, ಜೊತೆಗೆ ನಟ ಅನೂಪ್ ಸೋನಿ. ಆರು ಲಕ್ಷ ನಲವತ್ತು ಸಾವಿರದ ಪ್ರಶ್ನೆ: 1927ರ ಡಿಸೆಂಬರ್ 25ರಂದು ಡಾ. ಅಂಬೇಡ್ಕರ್ ಮತ್ತು ಅನುಯಾಯಿಗಳು ಯಾವ ಗ್ರಂಥದ ಪ್ರತಿಗಳನ್ನ ಸುಟ್ಟರು? ವಿಷ್ಣು ಪುರಾಣ, ಭಗವದ್ಗೀತೆ, ಋಗ್ವೇದ, ಮನುಸ್ಮೃತಿ. ಮಹಾಡಿನ ಆ ದಿನ ನಮ್ಮ ಎಂಟನೇ ಕ್ಲಾಸಿನ ಮಕ್ಕಳಿಗೂ ಗೊತ್ತು. ಶಾಲೆಯಲ್ಲಿ ಹೇಳಿಕೊಟ್ಟದ್ದಲ್ಲ, ಜಯಂತಿ ಭಾಷಣಗಳಲ್ಲಿ ಕೇಳಿ ಕೇಳಿ ಗೊತ್ತು.

ಪ್ರಶ್ನೆಯಲ್ಲಿ ತಪ್ಪಿರಲಿಲ್ಲ, ಉತ್ತರದಲ್ಲೂ ತಪ್ಪಿರಲಿಲ್ಲ. ಆದರೂ ಮಹಾರಾಷ್ಟ್ರದ ಲಾತೂರಿನಲ್ಲಿ ಶಾಸಕರೊಬ್ಬರು ಪೊಲೀಸರಿಗೆ ದೂರು ಕೊಟ್ಟರು. ನಾಲ್ಕೂ ಆಯ್ಕೆ ಹಿಂದೂ ಗ್ರಂಥಗಳೇ ಯಾಕೆ ಅಂತ ತಕರಾರು. ಇತಿಹಾಸದಲ್ಲಿ ಸುಟ್ಟದ್ದು ಯಾವುದೋ ಅದನ್ನ ಕೇಳಬೇಕು, ಅದರ ಪಕ್ಕ ಅದೇ ಜಾತಿಯ ಹೆಸರುಗಳನ್ನ ಇಟ್ಟರೆ ತಾನೇ ಪ್ರಶ್ನೆ ಪ್ರಶ್ನೆಯಾಗೋದು? ಆಯ್ಕೆಯಲ್ಲಿ ಅಡುಗೆ ಪುಸ್ತಕ ಇಡಬೇಕಿತ್ತಾ?

ಇದನ್ನ ಪ್ರಶ್ನೆ ತಯಾರಿಸುವವರ ಕಡೆಯಿಂದ ಯೋಚಿಸಿ ನೋಡಿ. ಅವರೇನು ಕೆಟ್ಟವರಲ್ಲ. ಎಸಿ ರೂಮಿನಲ್ಲಿ ಕೂತ ಇಪ್ಪತ್ತೈದು-ಮೂವತ್ತು ವಯಸ್ಸಿನ ಹುಡುಗ ಹುಡುಗಿಯರು. ಒಂದು ಪ್ರಶ್ನೆಗೆ ಪೊಲೀಸ್ ಸ್ಟೇಷನ್ ತನಕ ಹೋಗಬೇಕು ಅಂತಾದರೆ ಮುಂದಿನ ವರ್ಷ ಅವರು ಥಾನೋಸಿನ ಕಲ್ಲನ್ನೇ ಎಣಿಸ್ತಾರೆ. ಅದಕ್ಕೆ ಯಾವೂರಲ್ಲೂ ಎಫ್‌ಐಆರ್ ಆಗಲ್ಲ.

ನಮ್ಮ ಬಸವನಗುಡಿ ಠಾಣೆಗೂ ಈ ವಿಷಯ ಹೊಸದೇನಲ್ಲ. 2021ರ ನವೆಂಬರಿನಲ್ಲಿ ಹಂಸಲೇಖ ಅವರು, ಮಠದ ಸ್ವಾಮೀಜಿಗಳು ದಲಿತರ ಮನೆಗೆ ಹೋಗೋದರ ಬಗ್ಗೆ ಮೈಸೂರಿನಲ್ಲಿ ಒಂದು ಮಾತಾಡಿದ್ದಕ್ಕೆ, ಕ್ಷಮೆ ಕೇಳಿದಮೇಲೂ ಅದೇ ಠಾಣೆಗೆ ಬಂದು ವಿಚಾರಣೆ ಎದುರಿಸಬೇಕಾಯ್ತು. ಎರಡು ಪೀಳಿಗೆಯ ಕನ್ನಡಿಗರಿಗೆ ಪ್ರೇಮಗೀತೆ ಬರೆದುಕೊಟ್ಟ ಮನುಷ್ಯ. ಎರಡು ವರ್ಷ ಆದಮೇಲೆ, 2023ರ ಆಗಸ್ಟಿನಲ್ಲಿ, ಉಪೇಂದ್ರ ಅವರು ಫೇಸ್‌ಬುಕ್ ಲೈವಿನಲ್ಲಿ ನಮ್ಮ ಕೇರಿಯ ಹೆಸರಿರುವ ಒಂದು ಹಳೇ ಗಾದೆ ಹೇಳಿದರು. ಆ ಗಾದೆ ಇಲ್ಲಿ ಮತ್ತೆ ಬರೆಯಲ್ಲ. ದೂರಾಯ್ತು, ಅವರೂ ಕ್ಷಮೆ ಕೇಳಿದರು, ಹೈಕೋರ್ಟು ತಡೆ ಕೊಟ್ಟಿತು. ನನಗೆ ಆ ಕೇಸಿಗಿಂತ ಕುತೂಹಲ ಅನ್ನಿಸಿದ್ದು ಕೆಳಗಿನ ಕಾಮೆಂಟುಗಳು. ‘ಅಯ್ಯೋ, ಅದು ಬರೀ ಗಾದೆ ಕಣ್ರಿ’ ಅಂತ ಸಾವಿರಾರು ಜನ. ಗಾದೆಗೂ ಕಟ್ಟಿದವರ ಹೆಸರಿಲ್ಲ, ಜಾನಪದ. ಹಾಡಾದರೆ ನಮ್ಮ ಹೆಸರು ಮಾಯ, ಬೈಗುಳಾದರೆ ನಮ್ಮ ಕೇರಿಯ ಹೆಸರೇ ಬಾಯಿಪಾಠ. ಗಾದೆ ಪೂರ್ತಿ ಮಾಡಿ ಅಂತ ಕ್ವಿಜ್ಜಿನಲ್ಲಿ ಒಂದು ಸುತ್ತು ಇರುತ್ತಲ್ಲ, ಅದನ್ನ ತಯಾರಿಸೋರು ಇನ್ನುಮೇಲಾದರೂ ಪಟ್ಟಿಯನ್ನ ಒಂದ್ಸಲ ಓದಿ ನೋಡಲಿ.

ಜನಪ್ರಿಯ ಅಂದ್ರೆ ಏನು ಅನ್ನೋದಕ್ಕೆ ನನ್ನ ಹತ್ರ ಒಂದು ಒಳ್ಳೇ ಉದಾಹರಣೆ ಇದೆ. 2020ರ ಜುಲೈ. ಲಾಕ್‌ಡೌನ್ ಆಗಿ ಕೆಲಸ ಇಲ್ಲ, ರೇಷನ್ ಕಿಟ್ಟಿಗೆ ಕ್ಯೂ. ಆಗ ಜೀ ಕನ್ನಡದಲ್ಲಿ ‘ಮಹಾನಾಯಕ’ ಶುರುವಾಯ್ತು, ಅಂಬೇಡ್ಕರ್ ಬದುಕಿನ ಮೇಲೆ ಹಿಂದಿಯಿಂದ ಡಬ್ ಆದ ಧಾರಾವಾಹಿ. ವಾರಾಂತ್ಯ ಸಾಯಂಕಾಲ ಆದರೆ ನಮ್ಮ ಬೀದಿ ಖಾಲಿ. ಹಳ್ಳಿ ಹಳ್ಳಿಗಳಲ್ಲಿ ಹುಡುಗರು ಕೈಯಿಂದ ದುಡ್ಡು ಹಾಕಿ ಫ್ಲೆಕ್ಸ್ ಕಟ್ಟಿದರು. ಯೋಚಿಸಿ, ಒಂದು ಸೀರಿಯಲ್ಲಿಗೆ ಫ್ಲೆಕ್ಸು! ಚಾನೆಲ್ಲಿನ ಮುಖ್ಯಸ್ಥ ರಾಘವೇಂದ್ರ ಹುಣಸೂರು ಅವರಿಗೆ ನಿಲ್ಲಿಸಿ ಅಂತ ಬೆದರಿಕೆ ಬಂತು, ನಿಲ್ಲಿಸಲ್ಲ ಅಂತ ಅವರು ಬಹಿರಂಗವಾಗಿ ಹೇಳಿದರು. ಚಿಕ್ಕ ಭೀಮರಾವ್ ಶಾಲೆಯ ಹೊರಗೆ ಕೂರುವ ದೃಶ್ಯ ನೋಡಿ ನಮ್ಮ ಮಕ್ಕಳು ಮಾತಿಲ್ಲದೆ ಕೂತಿದ್ದನ್ನ ನಾನು ನೋಡಿದ್ದೀನಿ. ಆಮೇಲೆ ಅದೇ ಮಕ್ಕಳು ಅವನ ಥರ ಕನ್ನಡಕ ಮಾಡ್ಕೊಂಡು ಆಟ ಆಡಿದ್ದನ್ನೂ ನೋಡಿದ್ದೀನಿ. ಹದಿಹರೆಯದವರ ಪಾಪ್ ಕಲ್ಚರ್ ಇದಲ್ಲದೆ ಇನ್ನೇನು? ಆಡಿಷನ್ನಿನಲ್ಲಿ ಸೀರಿಯಲ್ ಸುತ್ತು ಇತ್ತಂತೆ. ‘ಮಹಾನಾಯಕ’ದ ಬಗ್ಗೆ ಒಂದು ಪ್ರಶ್ನೆಯೂ ಇಲ್ಲ.

ಇದರ ಇನ್ನೊಂದು ಮುಖ ಅದೇ ನಗರದಲ್ಲಿ 2023ರ ಫೆಬ್ರವರಿಯಲ್ಲಿ ಕಂಡಿತು. ಖಾಸಗಿ ಕಾಲೇಜೊಂದರ ಹುಡುಗರು ಯುವಜನೋತ್ಸವದ ‘ಮ್ಯಾಡ್ ಆ್ಯಡ್ಸ್’ ಸ್ಪರ್ಧೆಯಲ್ಲಿ ಬಾಬಾಸಾಹೇಬರ ಹೆಸರನ್ನ ಬೀರಿನ ಹೆಸರಿಗೆ ಜೋಡಿಸಿ, ಮೀಸಲಾತಿಯನ್ನ ಗೇಲಿ ಮಾಡಿ ನಾಟಕ ಆಡಿದರು. ವಿಡಿಯೊ ನೀವೆಲ್ಲ ನೋಡಿದ್ದೀರಿ. ನನಗೆ ಹೊಟ್ಟೆ ಉರಿದದ್ದು ವೇದಿಕೆ ಮೇಲಿದ್ದವರಿಗಿಂತ ಕೆಳಗಿನ ನಗು ಕೇಳಿ. ಆ ವಯಸ್ಸಿನವರು ಅವರು, ಜಗತ್ತಿನ ಎಲ್ಲ ಬ್ರ್ಯಾಂಡು, ಎಲ್ಲ ಬ್ಯಾಂಡು ಗೊತ್ತಿರೋ ವಯಸ್ಸು. ಗೊತ್ತಿಲ್ಲದ್ದು ಯಾವುದು ಅಂತ ಆ ನಗುವೇ ಹೇಳ್ತು. ಇದಕ್ಕೇ ನಾನು ಕ್ವಿಜ್ಜನ್ನ ಹಗುರ ಮಾಡಲ್ಲ. ನಮ್ಮ ಮಗು ಗೆಲ್ಲಲಿ ಅನ್ನೋದು ಒಂದು ಆಸೆ, ಸರಿ. ಪಕ್ಕದ ಕುರ್ಚಿಯಲ್ಲಿ ಕೂತ ಜಯನಗರದ ಮಗುವಿನ ಕಿವಿಗೂ ಆ ಪ್ರಶ್ನೆ ಬೀಳಲಿ ಅನ್ನೋದು ಇನ್ನೂ ದೊಡ್ಡ ಆಸೆ.

ಈಗ ‘ಬೇರೆ ಕೆಲಸ ಇಲ್ವಾ’ ಅಂದವರಿಗೆ. ಇದೆ. ವಿದ್ಯಾರ್ಥಿವೇತನ ತಡವಾಗ್ತಿದೆ, ಹಾಸ್ಟೆಲಿನ ಅಕ್ಕಿಯಲ್ಲಿ ಹುಳ ಇದೆ, ಮ್ಯಾನ್‌ಹೋಲಿಗೆ ಇಳಿದು ಇನ್ನೂ ಸಾಯ್ತಿದ್ದಾರೆ. ಅವುಗಳ ಹೋರಾಟ ನಿಲ್ಲಿಸಿ ಬನ್ನಿ ಅಂತ ಯಾರು ಹೇಳಿದ್ದು? ಆದರೆ 1973ರಲ್ಲಿ ಬಸವಲಿಂಗಪ್ಪನವರು ಮೈಸೂರಿನಲ್ಲಿ ‘ಬೂಸಾ’ ಅಂದಾಗ ಎದ್ದದ್ದೂ ಇಂಥದ್ದೇ ಮಾತು: ಇದರೊಳಗೆ ನಮ್ಮದೇನಿದೆ? ಆ ಒಂದು ಪ್ರಶ್ನೆಗೆ ಅವರು ಮಂತ್ರಿಗಿರಿ ಕಳ್ಕೊಂಡರು, ಅದೇ ಪ್ರಶ್ನೆಯ ಬೆನ್ನಿಗೆ ದಲಿತ ಚಳವಳಿ ಎದ್ದಿತು. ಆವಾಗ ಸಾಹಿತ್ಯಕ್ಕೆ ಇದ್ದ ಜಾಗ ಈಗ ಸ್ಕ್ರೀನಿಗೆ ಇದೆ. ಎಫ್‌ಡಿಎ, ಪಿಎಸ್‌ಐ ಪರೀಕ್ಷೆಗಳೂ ಕೊನೆಗೆ ಕ್ವಿಜ್ಜೇ ತಾನೇ, ಸಾಮಾನ್ಯ ಜ್ಞಾನ ಅಂತ. ಯಾರಿಗೆ ಸಾಮಾನ್ಯ ಅಂತ ಕೇಳೋ ಅಭ್ಯಾಸ ಹದಿನಾರಕ್ಕೇ ಆಗಲಿ.

ನ್ಯಾಯವಾಗಿ ಮಾತಾಡಬೇಕು ಅಂದ್ರೆ ನಮ್ಮವರು ಮಾಡೋ ಜಯಂತಿ ಕ್ವಿಜ್ಜುಗಳೂ ಬೋರು. ಬಾಬಾಸಾಹೇಬರು ಹುಟ್ಟಿದ್ದು ಎಲ್ಲಿ, ಮಹೂ. ಯಾವಾಗ, 1891ರ ಏಪ್ರಿಲ್ 14. ತಾಯಿ ಹೆಸರು, ಭೀಮಾಬಾಯಿ. ವರ್ಷಾವರ್ಷಾ ಇದೇ ಇಪ್ಪತ್ತು ಪ್ರಶ್ನೆ, ಮಕ್ಕಳು ಗಿಣಿಪಾಠ ಒಪ್ಪಿಸಿ ಸ್ಟೀಲ್ ಡಬ್ಬಿ ತಗೊಂಡು ಹೋಗ್ತಾರೆ. ಬುದ್ಧಿಗೆ ಬದಲು ಭಕ್ತಿ. ಅದರಲ್ಲೂ ಹೆಂಗಸರ ಪ್ರಶ್ನೆ ಅಂದ್ರೆ ರಮಾಬಾಯಿ, ಸಾವಿತ್ರಿಬಾಯಿ ಆದಮೇಲೆ ಪಟ್ಟಿ ಮುಗೀತು. ಸೋಬಾನೆ ಹೇಳಿದವರು, ಪೌರಕಾರ್ಮಿಕರ ಮುಷ್ಕರದಲ್ಲಿ ಮುಂದೆ ನಿಂತವರು ನಮ್ಮ ಪಟ್ಟಿಯಲ್ಲೂ ಇಲ್ಲ. ನಮ್ಮ ಗಂಡಸು ನಾಯಕರೂ ಹೆಂಗಸರನ್ನ ‘ಮಹಿಳಾ ಕಾರ್ಯಕರ್ತರು’ ಅಂತ ಒಟ್ಟಿಗೆ ಕಟ್ಟಿಡ್ತಾರಲ್ಲ, ಅದಕ್ಕೂ ‘ಜಾನಪದ’ಕ್ಕೂ ಏನು ವ್ಯತ್ಯಾಸ?

ಪ್ರಶ್ನೆ ಬೇಕು ಅಂದ್ರೆ ಈ ಸುತ್ತಮುತ್ತಲೇ ಎಷ್ಟು ಬಿದ್ದಿವೆ. ಮಲ್ಲೇಶ್ವರ, ಬಸವನಗುಡಿ ಎರಡೂ 1898ರ ಪ್ಲೇಗಿನ ಆಸುಪಾಸು ಎದ್ದ ಬಡಾವಣೆಗಳು. ಸೈಟು ಹಂಚುವಾಗ ಯಾವ ಲೆಕ್ಕದಲ್ಲಿ ಹಂಚಿದರು? ಜಾತಿವಾರು. ಮಲ್ಲೇಶ್ವರದ ರೈಲ್ವೆ ಹಳಿ ದಾಟಿದರೆ ಶ್ರೀರಾಮಪುರ. ಅಲ್ಲಿ ಬೆಳೆದು, ಸ್ಮಶಾನದಲ್ಲಿ ಕೂತು ಓದಿ, 2015ರಲ್ಲಿ ಶ್ರವಣಬೆಳಗೊಳದ 81ನೇ ಸಾಹಿತ್ಯ ಸಮ್ಮೇಳನಕ್ಕೆ ಅಧ್ಯಕ್ಷರಾದ ಕವಿ ಯಾರು? ಆ ಸಮ್ಮೇಳನ ನಡೆಸೋ ಪರಿಷತ್ತು ನಮ್ಮ ಚಾಮರಾಜಪೇಟೆಯಲ್ಲೇ ಇದೆ. ಸಿದ್ಧಲಿಂಗಯ್ಯನವರ ಹೆಸರು ಮಲ್ಲೇಶ್ವರದ ಎಷ್ಟು ಮಕ್ಕಳು ಹೇಳ್ತಾರೋ ನೋಡೋಣ. ತಮಟೆ ಬಾರಿಸಿ 2023ರಲ್ಲಿ ಪದ್ಮಶ್ರೀ ಪಡೆದ ಚಿಕ್ಕಬಳ್ಳಾಪುರ ಜಿಲ್ಲೆ ಪಿಂಡಿಪಾಪನಹಳ್ಳಿಯವರು ಯಾರು? ಮುನಿವೆಂಕಟಪ್ಪ. ಕಲ್ಯಾಣದ ಶರಣರನ್ನೇ ಪರೀಕ್ಷೆ ಮಾಡೋಕೆ ಹೋದ ಗುರುವಿನ ಕತೆಯನ್ನ ನೀಲಗಾರರು ರಾತ್ರಿಯಿಡೀ ಹಾಡ್ತಾರಲ್ಲ, ಯಾರು ಆ ಗುರು? ಮಂಟೇಸ್ವಾಮಿ.

ಅದಕ್ಕೆ ನಾವು ಮಾಡ್ತಿರೋದು ಇಷ್ಟು. ಆನಂದಪುರದ ಮಕ್ಕಳೇ ಪ್ರಶ್ನೆ ತಯಾರಿಸ್ತಿದ್ದಾರೆ, ಹಿರಿಯರಿಗೆ ಉತ್ತರಿಸೋ ಕೆಲಸ ಮಾತ್ರ. ಕೆಜಿಎಫ್ ತಾತನ ಮೊಮ್ಮಗ ಗಣಿ ಸುತ್ತು ಮಾಡ್ತಿದ್ದಾನೆ. ಈಗಾಗಲೇ ಹನ್ನೊಂದು ಪ್ರಶ್ನೆ ಆಗಿದೆ, ಅದರಲ್ಲಿ ನನಗೆ ಉತ್ತರ ಗೊತ್ತಿರೋದು ನಾಲ್ಕು. ಒಂದಿಬ್ಬರು ಹುಡುಗರು ತಮಟೆ ಬಾರಿಸಿ ‘ಇದು ಮದುವೆಯದೋ, ಸಾವಿನದೋ, ಕರಗದ್ದೋ’ ಅಂತ ಕೇಳೋ ಸುತ್ತು ಮಾಡಿದ್ದಾರೆ. ನಾಲ್ಕು ಆಯ್ಕೆ ಇಲ್ಲ, ಕಿವಿ ಇದ್ದರೆ ಸಾಕು. ಥಾನೋಸನ್ನೂ ಬಿಟ್ಟಿಲ್ಲ, ಅವನ ಮೇಲೆ ಮಕ್ಕಳಿಗೆ ಪ್ರೀತಿ ಇದೆ, ಇರಲಿ. ತಯಾರಾದ ಮೇಲೆ ಇದರ ಒಂದು ಪ್ರತಿಯನ್ನ ಚಂದನಕ್ಕೂ, ಮಿಕ್ಕ ಚಾನೆಲ್ಲುಗಳಿಗೂ ಕಳಿಸ್ತೀವಿ. ಜೊತೆಗೆ ಒಂದೇ ಬೇಡಿಕೆ: ಪ್ರಶ್ನೆ ತಯಾರಿಸೋ ಮೇಜಿನ ಸುತ್ತ ನಮ್ಮ ಕೇರಿಗಳಿಂದ ಬಂದ ಒಬ್ಬರಾದರೂ ಸಂಬಳಕ್ಕೆ ಕೂತಿರಲಿ. ಸ್ಪರ್ಧಿಗಳಾಗಿ ಬೇಕಾದರೆ ಆಮೇಲೆ ಕರೀರಿ.

ನಿಮ್ಮ ಹತ್ರ ಕೇಳೋದು: ಪ್ರಶ್ನೆ ಕಳಿಸಿ. ಇನ್‌ಬಾಕ್ಸಿಗೆ ಹಾಕಿ, ವಾಯ್ಸ್ ಮೆಸೇಜ್ ಆದರೂ ಪರವಾಗಿಲ್ಲ, ತಮಿಳು ತೆಲುಗು ಯಾವುದಾದರೂ ಸರಿ. ಹಾಡಾದರೆ ಯಾರ ಬಾಯಲ್ಲಿ ಕೇಳಿದಿರೋ ಅವರ ಹೆಸರು, ಊರು ಹೇಳಿ. ಅಜ್ಜಿ ಅಂತ ಬರೆದು ಬಿಡಬೇಡಿ, ಅಜ್ಜಿಯ ಹೆಸರು ಬರೀರಿ. ಆ ಹುಡುಗಿ ಊರಿಗೆ ಫೋನ್ ಮಾಡಿ ಅತ್ತೆಯ ಹೆಸರು ಕೇಳಿಸ್ತಿದ್ದಾಳೆ. ಅಜ್ಜಿಗೆ ಮೂರು ದಿನದಿಂದ ನೆನಪಾಗ್ತಿಲ್ಲ, ‘ಕರಿಯಮ್ಮನೋ ಕೆಂಪಮ್ಮನೋ, ನಾವೆಲ್ಲ ಅತ್ತೆಮ್ಮ ಅಂತಾನೇ ಕರೀತಿದ್ದೋ’ ಅಂತಾರಂತೆ. ನಾಳೆ ಮತ್ತೆ ಕೇಳ್ತಾಳೆ.